ಕಾರಿನ ಗ್ಲಾಸ್ ಇಳಿಯುತ್ತಿಲ್ಲವೇ?

ಮಿಕ್ಸಿ ತಿರುಗದಿದ್ದರೆ ನೀವು ಏನು ಮಾಡುತ್ತೀರಿ? ಪ್ಲಗ್ ಸರಿಯಾಗಿ ಕೂತಿದೆಯೇ ನೋಡುತ್ತೀರಿ. ಕರೆಂಟ್ ಇದೆಯೇ ಎಂದು ಲೈಟ್ ಹಾಕಿ ನೋಡುತ್ತೀರಿ. ಬೇರೆ ಪಾಯಿಂಟಿಗೆ ಹಾಕಿ ಪರೀಕ್ಷಿಸುತ್ತೀರಿ. ಅದೆಲ್ಲ ಆದ ಮೇಲೆಯೇ ರಿಪೇರಿ ಅಂಗಡಿಯ ನೆನಪು. ಆದರೆ ಅಂಗಳದಲ್ಲಿ ನಿಂತಿರುವ ಹಳೆಯ ಕಾರಿನ ಗ್ಲಾಸ್ ಇಳಿಯದಿದ್ದರೆ, ಎ.ಸಿ.ಯಿಂದ ಗಾಳಿ ಬಾರದಿದ್ದರೆ, ಒಂದು ಬಾಗಿಲು ಮಾತ್ರ ಲಾಕ್ ಆಗದಿದ್ದರೆ 'ಅದು ಗಂಡಸರ ವಿಷಯ' ಎಂದು ಸುಮ್ಮನಾಗಿಬಿಡುತ್ತೀರಿ. ಮನೆಯವರು ಸೌದಿಯಲ್ಲೋ ದುಬೈಯಲ್ಲೋ ಇದ್ದರಂತೂ ಕಾರು ನೇರವಾಗಿ ಗ್ಯಾರೇಜಿಗೆ ಹೋಗುತ್ತದೆ. ಬಿಲ್ಲು ಮಾತ್ರ ಮನೆಗೆ ಬರುತ್ತದೆ.

ಕಾರಿನ ಈ ಸೌಕರ್ಯಗಳೂ ಮಿಕ್ಸಿಯ ಹಾಗೆಯೇ. ಬ್ಯಾಟರಿಯಿಂದ ಹೊರಟ ಕರೆಂಟು ಫ್ಯೂಸ್, ರಿಲೇ, ಸ್ವಿಚ್, ವಯರ್‌ಗಳನ್ನು ದಾಟಿ ಮೋಟಾರಿಗೆ ತಲುಪಬೇಕು. ಅಲ್ಲಿಂದ ಕಾರಿನ ಕಬ್ಬಿಣದ ಬಾಡಿಯ ಮೂಲಕ ಬ್ಯಾಟರಿಗೆ ಮರಳಬೇಕು. ಈ ದಾರಿಯಲ್ಲಿ ಎಲ್ಲಿ ತುಂಡಾದರೂ ಗ್ಲಾಸ್ ನಿಲ್ಲುತ್ತದೆ. ಹೆಚ್ಚು ಬೆಲೆಯದು ದಾರಿಯ ಕೊನೆಯಲ್ಲಿರುವ ಮೋಟಾರು. ಅವಸರದ ಮೆಕ್ಯಾನಿಕ್ ಮೊದಲು ಬದಲಾಯಿಸುವುದೂ ಅದನ್ನೇ. ಕರೆಂಟು ಎಲ್ಲಿಯವರೆಗೆ ಬಂದು ನಿಂತಿದೆ ಎಂದು ತಿಳಿಯುವ ಮೊದಲು ಯಾವ ಬಿಡಿಭಾಗಕ್ಕೂ ಹಣ ಕೊಡಬೇಡಿ. ಈ ಲೇಖನದಲ್ಲಿ ಹೇಳಬೇಕಾದ ಮುಖ್ಯ ಮಾತು ಇದೇ.

ಹಳೆಯ ಕಾರು ಎಂದು ಮುಜುಗರ ಪಡಬೇಕಾಗಿಲ್ಲ. ಮಾರುತಿ 800ರ ತಯಾರಿ 2014ರಲ್ಲಿ ನಿಂತರೂ ಅದು ಇನ್ನೂ ನಮ್ಮ ಬೀದಿಗಳಲ್ಲಿ ಓಡುತ್ತಿದೆ. ಖಾಸಗಿ ಕಾರಿನ ನೋಂದಣಿ 15 ವರ್ಷಕ್ಕೆ ಮುಗಿಯುತ್ತದೆ. ತಪಾಸಣೆಯಲ್ಲಿ ಕಾರು ಸರಿ ಎಂದು ಕಂಡರೆ ಮತ್ತೆ 5 ವರ್ಷಕ್ಕೆ ನವೀಕರಿಸಿಕೊಳ್ಳಬಹುದು. ಇಂಜಿನ್ ಗಟ್ಟಿಯಾಗಿರುವ ಕಾರನ್ನು ಒಂದು ಗ್ಲಾಸಿಗಾಗಿ ಮಾರುವವರೂ ಇದ್ದಾರೆ. ಅದು ದುಂದು.

ಇನ್ನು ಗ್ಲಾಸಿನ ವಿಷಯಕ್ಕೆ ಬರೋಣ. ಕೀಲಿ ತಿರುಗಿಸಿ, ಕೆಲಸ ಮಾಡದಿರುವುದು ಒಂದು ಗ್ಲಾಸೇ, ಎಲ್ಲವೂ ಹೌದೇ ಎಂದು ನೋಡಿ. ಹಲವು ಕಾರುಗಳಲ್ಲಿ ಡ್ರೈವರ್ ಬಾಗಿಲಿನ ಸ್ವಿಚ್‌ಗಳ ಪಕ್ಕ ಇನ್ನೊಂದು ಗುಂಡಿ ಇರುತ್ತದೆ. ಅದನ್ನು ಒತ್ತಿದರೆ ಉಳಿದ ಬಾಗಿಲುಗಳ ಸ್ವಿಚ್‌ಗಳು ಸುಮ್ಮನಾಗುತ್ತವೆ. ಮಕ್ಕಳು ಆಟವಾಡದಿರಲೆಂದು ಇಟ್ಟ ಗುಂಡಿ ಅದು. ಮಕ್ಕಳೇ ಅದನ್ನು ಒತ್ತಿಟ್ಟಿರುವುದೂ ಉಂಟು. ಅದು ಸರಿಯಿದ್ದೂ ಎಲ್ಲ ಗ್ಲಾಸುಗಳೂ ಒಟ್ಟಿಗೆ ನಿಂತಿದ್ದರೆ ಮೋಟಾರುಗಳನ್ನು ಅನುಮಾನಿಸಬೇಡಿ. ಎರಡು ನಾಲ್ಕು ಮೋಟಾರುಗಳು ಒಂದೇ ದಿನ ಕೆಡುವುದಿಲ್ಲ. ಅಲ್ಲಿ ಹೋಗಿರುವುದು ಫ್ಯೂಸ್ ಅಥವಾ ರಿಲೇ.

ಒಂದೇ ಗ್ಲಾಸ್ ನಿಂತಿದ್ದರೆ ಡ್ರೈವರ್ ಬಾಗಿಲಿನ ಸ್ವಿಚ್‌ನಿಂದಲೂ ಆ ಬಾಗಿಲಿನದೇ ಸ್ವಿಚ್‌ನಿಂದಲೂ ಒತ್ತಿ ನೋಡಿ. ಒಂದರಿಂದ ಇಳಿದು ಇನ್ನೊಂದರಿಂದ ಇಳಿಯದಿದ್ದರೆ ಬಹುತೇಕ ತೊಂದರೆ ಸ್ವಿಚ್‌ನಲ್ಲಿದೆ. ಎರಡರಿಂದಲೂ ಇಳಿಯದಿದ್ದರೆ ಬಾಗಿಲಿಗೆ ಕಿವಿಗೊಡಿ. ಒಳಗೆ ಮೋಟಾರು ಗುರ್ ಎಂದು ತಿರುಗುತ್ತಿದ್ದು ಗ್ಲಾಸ್ ಅಲುಗದಿದ್ದರೆ ಕರೆಂಟಿನ ಮೇಲೆ ತಪ್ಪಿಲ್ಲ. ಗ್ಲಾಸನ್ನು ಎತ್ತುವ ತಂತಿ ಅಥವಾ ಹಲ್ಲು ತುಂಡಾಗಿದೆ. ಸದ್ದೇ ಇಲ್ಲದಿದ್ದರೆ ಕಾರಿನೊಳಗಿನ ಲೈಟ್ ಹಾಕಿಕೊಂಡು ಮತ್ತೆ ಸ್ವಿಚ್ ಒತ್ತಿ. ಒತ್ತಿದಾಗ ಲೈಟ್ ಕೊಂಚ ಮಂಕಾದರೆ ಕರೆಂಟು ಮೋಟಾರಿನವರೆಗೆ ತಲುಪುತ್ತಿದೆ, ಗ್ಲಾಸ್ ಅಥವಾ ಮೋಟಾರು ಎಲ್ಲೋ ಬಿಗಿದುಕೊಂಡಿದೆ. ಲೈಟ್ ಸ್ವಲ್ಪವೂ ಅಲುಗದಿದ್ದರೆ ಕರೆಂಟು ದಾರಿಯಲ್ಲೇ ನಿಂತಿರಬಹುದು, ಇಲ್ಲವೇ ಮೋಟಾರಿನೊಳಗಿನ ಕಾರ್ಬನ್ ಸವೆದಿರಬಹುದು.

ಈಗ ಬಾಗಿಲನ್ನು ನಿಧಾನವಾಗಿ ತೆರೆಯುತ್ತಾ ಮುಚ್ಚುತ್ತಾ ಸ್ವಿಚ್ ಒತ್ತಿ ಹಿಡಿಯಿರಿ. ಯಾವುದೋ ಒಂದು ಕೋನದಲ್ಲಿ ಗ್ಲಾಸ್ ತಟ್ಟನೆ ಅಲುಗಿದರೆ ಕಾರಣ ಸಿಕ್ಕಿತೆಂದೇ ತಿಳಿಯಿರಿ. ಬಾಗಿಲಿಗೂ ಬಾಡಿಗೂ ನಡುವೆ ರಬ್ಬರ್ ಕೊಳವೆಯೊಂದಿದೆಯಲ್ಲ, ಬಾಗಿಲಿನ ವಯರ್‌ಗಳೆಲ್ಲ ಅದರೊಳಗೆ ಹಾದುಹೋಗುತ್ತವೆ. ಹದಿನೈದು ಇಪ್ಪತ್ತು ವರ್ಷ ದಿನಕ್ಕೆ ಹತ್ತಾರು ಸಲ ಮಡಚಿ ಬಿಡಿಸಿದರೆ ತಾಮ್ರದ ಎಳೆ ಮುರಿಯದೇ ಇರುತ್ತದೆಯೇ? ಇದು ಒಂದು ತುಂಡು ವಯರ್ ಬೆಸೆಯುವ ಕೆಲಸ. ಇದಕ್ಕೆ ಹೊಸ ಮೋಟಾರು ಹಾಕಿಸಿಕೊಂಡವರು ಎಷ್ಟು ಮಂದಿಯೋ!

ಮಳೆ ಬರುತ್ತಿರುವಾಗ ಗ್ಲಾಸ್ ಕೆಳಗೇ ನಿಂತುಬಿಟ್ಟರೆ ಒಂದು ಉಪಾಯವಿದೆ. ಇಂಜಿನ್ ಚಾಲೂ ಮಾಡಿ. ನಿಂತ ಕಾರಿನ ಬ್ಯಾಟರಿಯಲ್ಲಿ ಸುಮಾರು 12 ವೋಲ್ಟ್ ಇದ್ದರೆ ಇಂಜಿನ್ ಓಡುವಾಗ 14ರ ಹತ್ತಿರ ಇರುತ್ತದೆ, ಮೋಟಾರಿಗೆ ಬಲ ಹೆಚ್ಚು. ಒಬ್ಬರು ಸ್ವಿಚ್ ಒತ್ತಿ ಹಿಡಿಯಲಿ. ಇನ್ನೊಬ್ಬರು ಗ್ಲಾಸಿನ ಒಳಗೂ ಹೊರಗೂ ಅಂಗೈ ಒತ್ತಿ ಮೇಲಕ್ಕೆ ಎಳೆಯಲಿ. ಬಾಗಿಲಿನ ಒಳಭಾಗವನ್ನು ಮುಷ್ಟಿಯಿಂದ ಮೆಲ್ಲಗೆ ಗುದ್ದಿದಾಗ ಮೋಟಾರು ಓಡಿದರೆ ಕಾರ್ಬನ್ ಸವೆದಿದೆ ಎಂದರ್ಥ. ಗ್ಲಾಸ್ ಏರುವುದು ನಿಧಾನವಾಗಿದ್ದರೆ ಅದು ಜಾರುವ ರಬ್ಬರ್ ಒಣಗಿರುತ್ತದೆ. ಅದಕ್ಕೆ ಸಿಲಿಕೋನ್ ಸ್ಪ್ರೇ ಹೊಡೆಯಿರಿ. ಅಡುಗೆ ಮನೆಯ ಎಣ್ಣೆ ಬೇಡ, ಧೂಳು ಅಂಟಿ ಇನ್ನಷ್ಟು ಬಿಗಿಯುತ್ತದೆ.

ಫ್ಯೂಸ್ ಪೆಟ್ಟಿಗೆ ಸಾಮಾನ್ಯವಾಗಿ ಸ್ಟಿಯರಿಂಗಿನ ಕೆಳಗೆ ಅಥವಾ ಬಾನೆಟ್ಟಿನೊಳಗೆ ಇರುತ್ತದೆ. ಯಾವುದು ಯಾವುದಕ್ಕೆ ಎಂದು ಮುಚ್ಚಳದ ಮೇಲೆಯೇ ಬರೆದಿರುತ್ತದೆ. ಬಣ್ಣಗಳೂ ಗೊತ್ತಿರಲಿ: 10 ಆಂಪಿಯರ್ ಕೆಂಪು, 15 ನೀಲಿ, 20 ಹಳದಿ, 30 ಹಸಿರು. ಫ್ಯೂಸಿನ ಒಳಗಿನ ತಂತಿ ತುಂಡಾಗಿದ್ದರೆ ಅದೇ ಬಣ್ಣದ್ದನ್ನು ಹಾಕಿ. ಮತ್ತೆ ಸುಟ್ಟರೆ ಎಲ್ಲೋ ವಯರ್ ಸುಲಿದು ಬಾಡಿಗೆ ತಗಲುತ್ತಿದೆ. ಆಗ ನೀಲಿಯ ಜಾಗಕ್ಕೆ ಹಸಿರು ಹಾಕುವುದು, ಚಾಕಲೇಟಿನ ಬೆಳ್ಳಿ ಕಾಗದ ಸುತ್ತುವುದು ಖಂಡಿತ ಕೂಡದು. ಫ್ಯೂಸ್ ಸುಡದಿದ್ದರೆ ವಯರ್ ಸುಡುತ್ತದೆ. ಆ ವಯರ್ ಇರುವುದು ನಿಮ್ಮ ಸೀಟಿನ ಕೆಳಗೆ.

ಕಾರಿನ 12 ವೋಲ್ಟ್ ಕೈಗೆ ಶಾಕ್ ಹೊಡೆಯುವುದಿಲ್ಲ. ಆದರೆ ಬ್ಯಾಟರಿಯ ಹತ್ತಿರ ಕೈ ಹಾಕುವ ಮೊದಲು ಬಳೆ, ಉಂಗುರ, ವಾಚು ತೆಗೆದಿಡಿ. ಚಿನ್ನದ ಬಳೆಯೊಂದು ಎರಡು ತುದಿಗಳ ನಡುವೆ ಸೇತುವೆಯಾದರೆ ಕ್ಷಣದಲ್ಲೇ ಕೆಂಡವಾಗುತ್ತದೆ, ಮಣಿಕಟ್ಟಿನಿಂದ ತೆಗೆಯಲು ಆಗುವುದಿಲ್ಲ.

ಎ.ಸಿ.ಯ ಗಾಳಿಯ ದೂರುಗಳಲ್ಲಿ ಒಂದು ಬಹಳ ಸಾಮಾನ್ಯ. ಬ್ಲೋವರಿನ ಒಂದು, ಎರಡು, ಮೂರನೆಯ ವೇಗದಲ್ಲಿ ಗಾಳಿಯೇ ಇಲ್ಲ, ಕೊನೆಯದರಲ್ಲಿ ಮಾತ್ರ ಜೋರಾಗಿ ಬೀಸುತ್ತದೆ. ಹೀಗಿದ್ದರೆ ಮೋಟಾರು ಚೆನ್ನಾಗಿಯೇ ಇದೆ, ವೇಗ ತಗ್ಗಿಸುವ ರೆಸಿಸ್ಟರ್ ಎಂಬ ಸಣ್ಣ ಭಾಗ ಸುಟ್ಟಿದೆ. ಅದರ ಬೆಲೆ ಮೋಟಾರಿನ ಬೆಲೆಯ ಒಂದು ಸಣ್ಣ ಪಾಲು. ಅದನ್ನು ತಂಪಾಗಿಡುವುದು ಬ್ಲೋವರಿನ ಗಾಳಿಯೇ. ಆದ್ದರಿಂದ ಒಳಗೆ ಸೇರಿದ ಒಣಎಲೆ, ಧೂಳು ತೆಗೆಸದೆ ಹೊಸದನ್ನು ಹಾಕಿದರೆ ಅದೂ ಸುಡುತ್ತದೆ. ಗಾಳಿ ಬಂದರೂ ತಂಪಿಲ್ಲದಿದ್ದರೆ, ಕಾರು ಓಡುವಾಗ ತಂಪಾಗಿ ಸಿಗ್ನಲ್ಲಿನಲ್ಲಿ ನಿಂತಾಗ ಬಿಸಿಯಾಗುತ್ತದೆಯೇ ಗಮನಿಸಿ. ಹಾಗಿದ್ದರೆ ಮುಂದಿನ ಫ್ಯಾನ್ ತಿರುಗುತ್ತಿಲ್ಲವೇನೋ ಎಂದು ಮೊದಲು ನೋಡಿಸಿ. 'ಗ್ಯಾಸ್ ಮುಗಿದಿದೆ' ಎಂಬ ಮಾತನ್ನು ಸುಲಭವಾಗಿ ನಂಬಬೇಡಿ. ಅದು ಪೆಟ್ರೋಲಿನಂತೆ ಖರ್ಚಾಗುವ ವಸ್ತುವಲ್ಲ. ಕಡಿಮೆಯಾಗಿದ್ದರೆ ಎಲ್ಲೋ ಸೋರುತ್ತಿದೆ. ಸೋರಿಕೆ ಹುಡುಕದೆ ವರ್ಷ ವರ್ಷ ಗ್ಯಾಸ್ ತುಂಬಿಸುವುದು ತೂತು ಕೊಡಕ್ಕೆ ನೀರು ಹಾಕಿದಂತೆ.

ಈ ಎಲ್ಲದರಲ್ಲಿ ಹಣಕ್ಕಿಂತ ದೊಡ್ಡ ವಿಷಯವೊಂದಿದೆ. ಮುಚ್ಚಿದ ಕಾರು ಬಿಸಿಲಿಗೆ ನಿಂತರೆ ಮೊದಲ ಹತ್ತೇ ನಿಮಿಷದಲ್ಲಿ ಒಳಗಿನ ಬಿಸಿ ಸುಮಾರು 10 ಡಿಗ್ರಿ ಏರಬಲ್ಲದು. ಮಕ್ಕಳ ಮೈ ದೊಡ್ಡವರಿಗಿಂತ ಬಹಳ ಬೇಗ ಕಾಯುತ್ತದೆ. ಹಿಂದಿನ ಗ್ಲಾಸ್ ಇಳಿಯದ, ಲಾಕ್ ಆಗಾಗ ತಾನಾಗಿ ಬೀಳುವ ಕಾರಿನಲ್ಲಿ ಮಗುವನ್ನು 'ಒಂದು ನಿಮಿಷ' ಎಂದು ಕೂರಿಸಿ ಅಂಗಡಿಗೆ ಇಳಿಯಬೇಡಿ. ಲಾಕಿನ ದೋಷವನ್ನು ಮುಂದಿನ ತಿಂಗಳಿಗೆ ತಳ್ಳಲೂ ಬೇಡಿ. ಹಿಂದಿನ ಬಾಗಿಲಿನ ಅಂಚಿನಲ್ಲಿರುವ ಮಕ್ಕಳ ಲಾಕ್ ಹಾಕಿದ್ದರೆ ಒಳಗಿನಿಂದ ಆ ಬಾಗಿಲು ತೆರೆಯುವುದಿಲ್ಲ ಎಂಬುದೂ ನೆನಪಿರಲಿ.

ಬಿಡಿಭಾಗ ಬೇಕೆಂದು ಖಚಿತವಾದರೆ ಕಲಾಸಿಪಾಳ್ಯಕ್ಕೆ ಬನ್ನಿ. ಮಂಗಳೂರು, ಕಾಸರಗೋಡು ಕಡೆಯಿಂದ ರಾತ್ರಿಯ ಖಾಸಗಿ ಬಸ್ಸಿನಲ್ಲಿ ಬೆಂಗಳೂರಿಗೆ ಬಂದು ಇಳಿದವರಿಗೆ ಈ ಜಾಗ ಹೊಸದಲ್ಲ. ಬಸ್ ನಿಲ್ದಾಣದ ಒಂದು ಬದಿಗೆ ಸಿಟಿ ಮಾರ್ಕೆಟ್, ಇನ್ನೊಂದು ಬದಿಗೆ ಜೆ.ಸಿ. ರಸ್ತೆ. ಟೌನ್ ಹಾಲ್‌ನಿಂದ ಮಿನರ್ವ ವೃತ್ತದವರೆಗೂ ಅದರ ಉದ್ದಕ್ಕೆ, ಒಳಗಿನ ಗಲ್ಲಿಗಳಲ್ಲೆಲ್ಲ ಕಾರಿನ ಬಿಡಿಭಾಗಗಳದೇ ಅಂಗಡಿಗಳು. ಅಲ್ಲಿಂದ ನಡೆದುಹೋಗುವಷ್ಟು ಹತ್ತಿರದ ಎಸ್.ಪಿ. ರಸ್ತೆಯಲ್ಲಿ ರಿಲೇ, ವಯರ್, ಕರೆಂಟ್ ಅಳೆಯುವ ಮಲ್ಟಿಮೀಟರ್ ಸಿಗುತ್ತವೆ. ಕಂಪೆನಿಯ ಶೋರೂಮು 'ಆ ಮಾಡೆಲ್ ನಿಂತುಹೋಗಿದೆ' ಎಂದು ಕೈಚೆಲ್ಲಿದ ಮೇಲೆ ಜನರು ಬರುವುದು ಇಲ್ಲಿಗೇ.

ಹಿಂದೆ ಸಣ್ಣ ಕಾರುಗಳು ಕೈಯಿಂದ ತಿರುಗಿಸುವ ಗ್ಲಾಸಿನೊಂದಿಗೇ ಮನೆಗೆ ಬರುತ್ತಿದ್ದವು. ಪವರ್ ವಿಂಡೋ, ಸೆಂಟ್ರಲ್ ಲಾಕ್, ರಿಮೋಟ್ ಅಲಾರಂ ಇವನ್ನೆಲ್ಲ ಆಮೇಲೆ ಇಂಥ ಅಂಗಡಿಗಳಲ್ಲಿ ಹಾಕಿಸಿಕೊಂಡವರೇ ಬಹಳ. ನಿಮ್ಮ ಕಾರೂ ಅಂಥದ್ದೇ ಇರಬಹುದು. ಆ ವಯರ್‌ಗಳು ಕಂಪೆನಿಯ ಪುಸ್ತಕದಲ್ಲಿ ಇರುವುದಿಲ್ಲ, ಹಾಕಿದ ಕೈಗೇ ಗೊತ್ತು. ಹೆಚ್ಚಿನವು ಕಂಪೆನಿಯ ವಯರನ್ನು ಸುಲಿದು, ಹೊಸದನ್ನು ತಿರುಚಿ, ಕಪ್ಪು ಟೇಪು ಸುತ್ತಿದ ಜೋಡಣೆಗಳು. ಬಿಸಿಲಿಗೆ ಟೇಪಿನ ಅಂಟು ಕರಗಿ ಬಿಚ್ಚಿಕೊಳ್ಳುತ್ತದೆ. ಒಂದು ದಿನ ನಡೆದು ಒಂದು ದಿನ ನಿಲ್ಲುವ ಲಾಕು, ಮಳೆಗೆ ತಾನಾಗಿ ಕೂಗುವ ಅಲಾರಂ ಇವುಗಳ ಮೂಲ ಹೆಚ್ಚಾಗಿ ಅಲ್ಲೇ. ಹೊಸ ಕಿಟ್ ಕೊಳ್ಳುವ ಬದಲು ಹಳೆಯ ಜೋಡಣೆಗಳನ್ನು ಬೆಸುಗೆ ಹಾಕಿಸಿ, ಮೇಲೆ ಬಿಸಿಗೆ ಕುಗ್ಗುವ ಸ್ಲೀವ್ ತೊಡಿಸಿ, ಆ ಕಿಟ್‌ಗೆ ಬೇರೆಯೇ ಫ್ಯೂಸ್ ಇಡಿಸಿದರೆ ಸಾಕಾಗಬಹುದು. ಕರಾವಳಿಯ ಕಾರಾಗಿದ್ದರೆ ಬಾಡಿಗೆ ಬೋಲ್ಟ್ ಹಾಕಿದ ಕಪ್ಪು ವಯರ್‌ಗಳನ್ನೂ ಬಿಚ್ಚಿಸಿ ತುಕ್ಕು ಉಜ್ಜಿಸಿ. ಉಪ್ಪುಗಾಳಿಗೆ ಅರ್ಥಿಂಗ್ ಕೆಟ್ಟರೆ ಗ್ಲಾಸ್ ಒತ್ತಿದಾಗ ಮೀಟರಿನ ಲೈಟ್ ಮಿನುಗುವಂತಹ ವಿಚಿತ್ರಗಳೆಲ್ಲ ಕಾಣುತ್ತವೆ.

ಅಂಗಡಿಗೆ ಹೋಗುವಾಗ ಹಳೆಯ ಭಾಗವನ್ನೂ ಆರ್.ಸಿ.ಯ ಪ್ರತಿಯನ್ನೂ ಒಯ್ಯಿರಿ. ಒಂದೇ ಹೆಸರಿನ ಕಾರಿನಲ್ಲೂ ವರ್ಷ ಬದಲಾದರೆ ಸಾಕೆಟ್ಟಿನ ಪಿನ್ನುಗಳು ಬದಲಾಗಿರುತ್ತವೆ. ಎಡಬಾಗಿಲಿನ ಮೋಟಾರು ಬಲಬಾಗಿಲಿಗೆ ಕೂರುವುದಿಲ್ಲ. ಸೆಕೆಂಡ್ ಹ್ಯಾಂಡ್ ಮೋಟಾರಾದರೆ ಅಂಗಡಿಯ ಬ್ಯಾಟರಿಗೆ ಹಚ್ಚಿ ಎರಡೂ ದಿಕ್ಕಿಗೆ ತಿರುಗಿಸಿ ತೋರಿಸಲು ಹೇಳಿ.

ರಿಪೇರಿಯವರ ಹತ್ತಿರ 'ಎ.ಸಿ. ಸರಿಮಾಡಿ' ಎಂದಷ್ಟೇ ಹೇಳಿ ಬರಬೇಡಿ. ಮನೆಯಲ್ಲಿ ಕಂಡದ್ದನ್ನು ಹೇಳಿ. "ಆಪಾ, ಮೋಟಾರ್ ಹೋಗಿದೆ, ಹೊಸದು ಹಾಕ್ಬೇಕು" ಎಂದು ಅವರು ನೋಡದೆಯೇ ಹೇಳಿದರೆ, "ಭಾಯ್, ಮೊದಲು ಟೆಸ್ಟ್ ಲ್ಯಾಂಪ್ ಹಚ್ಚಿ ನೋಡಿ. ಮೋಟಾರಿನ ಸಾಕೆಟ್ಟಿಗೆ ಕರೆಂಟ್ ಬರ್ತಾ ಇದೆಯಾ?" ಎಂದು ಕೇಳಿ. ಟೆಸ್ಟ್ ಲ್ಯಾಂಪ್ ಎಂದರೆ ಎರಡು ವಯರ್ ಕಟ್ಟಿದ 12 ವೋಲ್ಟಿನ ಬಲ್ಬು, ಅಷ್ಟೇ. ಸ್ವಿಚ್ ಒತ್ತಿದಾಗ ಅಲ್ಲಿ ಬಲ್ಬು ಚೆನ್ನಾಗಿ ಬೆಳಗಿದರೆ ಮೋಟಾರು ಹೋಗಿರುವುದು ನಿಜ. ಬೆಳಗದಿದ್ದರೆ ಹುಡುಕಬೇಕಾದದ್ದು ವಯರಿನಲ್ಲಿ. ಒಳ್ಳೆಯ ಮೇಸ್ತ್ರಿಗೆ ಈ ಪ್ರಶ್ನೆಯಿಂದ ಸಿಟ್ಟು ಬರುವುದಿಲ್ಲ, ಅವರೇ ಬಲ್ಬು ಹಚ್ಚಿ ತೋರಿಸುತ್ತಾರೆ. ಬದಲಾಯಿಸಿದ ಭಾಗವನ್ನು ಕೇಳಿ ಮನೆಗೆ ತನ್ನಿ.

ಬಾಗಿಲಿನ ಒಳಹಲಗೆ ಮುಚ್ಚುವಾಗ ಅಲ್ಲೇ ನಿಂತಿರಿ. ಅದರ ಹಿಂದೆ ಅಂಟಿಸಿರುವ ಪ್ಲಾಸ್ಟಿಕ್ ಹಾಳೆಯನ್ನು ಕಿತ್ತು ಬಿಸಾಡುವುದು ಹಲವರ ಅಭ್ಯಾಸ. ಗ್ಲಾಸಿನ ಅಂಚಿನಿಂದ ಬಾಗಿಲೊಳಗೆ ಇಳಿಯುವ ಮಳೆನೀರು ಸ್ವಿಚ್‌ಗೂ ಕಾರಿನ ನೆಲದ ಕಾರ್ಪೆಟ್ಟಿಗೂ ಬಾರದಂತೆ ತಡೆಯುವುದು ಆ ಹಾಳೆಯೇ. ಹರಿದಿದ್ದರೆ ಗಟ್ಟಿ ಪ್ಲಾಸ್ಟಿಕ್ ಹಾಳೆಯೊಂದನ್ನು ಕತ್ತರಿಸಿ ಅಂಟಿಸಲು ಹೇಳಿ.