ಆಟದ ಚೀಟಿಗೂ ಒಂದು ಸೀಮೆ

ಕೊಳ್ಳೇಗಾಲ, ಹನೂರು, ಯಳಂದೂರು ಈ ಮೂರು ತಾಲ್ಲೂಕುಗಳ ತರುಣರ ನಡುವೆ ಇಂದು ಹೊಸ ಬಗೆಯ ಚೀಟಿಯೊಂದು ಚಲಾವಣೆಯಲ್ಲಿದೆ. ಅದು ಕಾಗದದ ಚೀಟಿಯಲ್ಲ. ಅಕ್ಷರಗಳೂ ಅಂಕಿಗಳೂ ಬೆರೆತ ಹನ್ನೆರಡೋ ಹದಿನಾರೋ ಚಿಹ್ನೆಗಳ ಒಂದು ಸಾಲು. ಅದನ್ನು ‘ಕೋಡ್’ ಎನ್ನುತ್ತಾರೆ. ಮೊಬೈಲಿನಲ್ಲಿಯೋ ಕಂಪ್ಯೂಟರಿನಲ್ಲಿಯೋ ಆಡುವ ಆಟಕ್ಕೆ ಅದನ್ನು ಒಪ್ಪಿಸಿದರೆ ಆಟಗಾರನಿಗೆ ಹೊಸದೊಂದು ಉಡುಪೋ ಆಯುಧವೋ ದೊರೆಯುತ್ತದೆ. ಕೆಲವೊಮ್ಮೆ ಆಟವೇ ಇಡಿಯಾಗಿ ದೊರೆಯುತ್ತದೆ. ಕೆಲವು ಕೋಡುಗಳನ್ನು ಹಣ ಕೊಟ್ಟು ಕೊಳ್ಳಬೇಕು. ಕೆಲವನ್ನು ಕಂಪನಿಗಳೇ ಪ್ರಚಾರಕ್ಕಾಗಿ ಹಂಚುತ್ತವೆ. ಆದರೆ ಪರದೇಶದಲ್ಲಿರುವ ನಂಟನೊಬ್ಬನು ಪ್ರೀತಿಯಿಂದ ಕೊಂಡು ಕಳುಹಿಸಿದ ಕೋಡನ್ನು ಇಲ್ಲಿ ಒತ್ತಿ ನೋಡಿದರೆ ಅನೇಕ ವೇಳೆ ಬರುವ ಉತ್ತರ ಒಂದೇ: ‘ನಿಮ್ಮ ಪ್ರದೇಶದಲ್ಲಿ ಇದು ನಡೆಯುವುದಿಲ್ಲ.’ ಕೈಗೆ ಬಂದ ತುತ್ತು ಬಾಯಿಗೆ ಬಾರದ ಸ್ಥಿತಿ.

ವಿದ್ಯಾರ್ಥಿಗಳು ಈ ಬಗ್ಗೆ ನನ್ನನ್ನು ಕೇಳುವ ಪ್ರಶ್ನೆ ಸರಳವಾದುದು. ಗಾಳಿಯಲ್ಲಿ ಹಾದುಬರುವ ಅಕ್ಷರಕ್ಕೆ ತೂಕವಿಲ್ಲ, ಸಾಗಣೆಯ ವೆಚ್ಚವಿಲ್ಲ, ಅದನ್ನು ತಡೆಯಲು ಹಾದಿಯಲ್ಲಿ ಸುಂಕದ ಕಟ್ಟೆಯೂ ಇಲ್ಲ. ಅಂಥದಕ್ಕೆ ಗಡಿ ಏಕೆ? ಸಾಹಿತ್ಯದ ಪುಟದಲ್ಲಿ ಹುಡುಗರ ಆಟದ ಮಾತೇ ಎಂದು ಹಿರಿಯರು ಮೂಗು ಮುರಿಯಬಹುದು. ಆದರೆ ಇದು ಬರಿಯ ಆಟದ ಪ್ರಶ್ನೆಯಲ್ಲ. ಇಂದು ಆಟಕ್ಕಿರುವ ಕಟ್ಟಳೆಯೇ ವಿದ್ಯುನ್ಮಾನ ಪುಸ್ತಕಕ್ಕೂ ಸಂಗೀತಕ್ಕೂ ಚಲಚ್ಚಿತ್ರಕ್ಕೂ ಉಂಟು. ‘ಕೊಂಡೆ’ ಎಂಬ ಕ್ರಿಯಾಪದಕ್ಕೆ ನಾವು ತಲೆಮಾರುಗಳಿಂದ ಕೊಟ್ಟುಕೊಂಡು ಬಂದ ಅರ್ಥವೇ ಇಲ್ಲಿ ಅಲುಗಾಡುತ್ತಿದೆ. ಭಾಷೆಯ ಕಾಳಜಿಯುಳ್ಳವರಿಗೆ ಇದು ಕ್ಷುಲ್ಲಕವಾಗಲಾರದು.

ಗಡಿಯ ಪಾಠ ನಮ್ಮ ಸೀಮೆಯವರಿಗೆ ಹೊಸದಲ್ಲ. ೧೭೯೯ರಲ್ಲಿ ಟಿಪ್ಪುವಿನ ಪತನವಾದ ಮೇಲೆ ಕೊಳ್ಳೇಗಾಲವು ಇಂಗ್ಲಿಷ್ ಕಂಪನಿಯ ಪಾಲಾಗಿ ಕೊಯಮತ್ತೂರು ಜಿಲ್ಲೆಗೆ ಸೇರಿತು. ಹನೂರು ಆಗ ಅದರೊಳಗೇ ಇತ್ತು. ಪಕ್ಕದ ಯಳಂದೂರು ಮೈಸೂರು ಸಂಸ್ಥಾನದಲ್ಲಿಯೇ ಉಳಿದು, ೧೮೦೭ರಲ್ಲಿ ದಿವಾನ್ ಪೂರ್ಣಯ್ಯನವರಿಗೆ ಜಹಗೀರಾಗಿ ಸಂದಿತು. ಕೊಳ್ಳೇಗಾಲಕ್ಕೂ ಯಳಂದೂರಿಗೂ ಇಂದು ಬಸ್ಸಿನಲ್ಲಿ ಹೆಚ್ಚೆಂದರೆ ಅರ್ಧ ಗಂಟೆಯ ದಾರಿ. ಎರಡೂ ಕಡೆ ಅದೇ ಕನ್ನಡ, ಅದೇ ರಾಗಿ, ಅದೇ ಮಾದಪ್ಪನ ಪರಸೆ. ಯಳಂದೂರನ್ನು ಹಾಯ್ದು ಬರುವ ಸುವರ್ಣಾವತಿಯ ನೀರಿಗೆ ಗಡಿಯ ಅರಿವಿರಲಿಲ್ಲ. ಆದರೆ ಮನುಷ್ಯರಿಗಿತ್ತು. ಒಂದು ಕಡೆಯ ಕಾಡಿಗೆ ೧೮೮೨ರ ಮದರಾಸು ಅರಣ್ಯ ಶಾಸನ, ಇನ್ನೊಂದು ಕಡೆಯ ಕಾಡಿಗೆ ಮೈಸೂರು ಸಂಸ್ಥಾನದ ಬೇರೆಯೇ ಕಟ್ಟಳೆ. ೧೯೫೬ರ ನವೆಂಬರ್ ೧ರಂದು ಕೊಳ್ಳೇಗಾಲವು ಮೈಸೂರು ರಾಜ್ಯಕ್ಕೆ ಬಂದು ಸೇರಿತು. ಸೇರಿದರೂ ಕಾನೂನು ಒಂದೇ ದಿನದಲ್ಲಿ ಬದಲಾಗಲಿಲ್ಲ. ಬದಲಿ ಶಾಸನ ಬರುವ ತನಕ ಹಳೆಯ ಶಾಸನಗಳು ಆಯಾ ನೆಲದಲ್ಲಿಯೇ ಮುಂದುವರಿಯತಕ್ಕದ್ದೆಂದು ರಾಜ್ಯಗಳ ಪುನರ್ವಿಂಗಡಣೆಯ ಕಾಯಿದೆಯ ೧೧೯ನೆಯ ಕಲಮು ವಿಧಿಸಿತ್ತು. ನಾಡು ಒಂದಾದರೂ ಅಪ್ಪಣೆಗಳು ತಮ್ಮ ತಮ್ಮ ನೆಲಕ್ಕೆ ಅಂಟಿಕೊಂಡೇ ಇದ್ದವು.

ಹನೂರು ಈಗ ಪ್ರತ್ಯೇಕ ತಾಲ್ಲೂಕಾಗಿದೆ; ಮಹದೇಶ್ವರ ಬೆಟ್ಟವನ್ನು ದಾಟಿ ಪಾಲಾರಿನ ಕಡೆ ಇಳಿದರೆ ತಮಿಳುನಾಡು ಎದುರಾಗುತ್ತದೆ. ನಮ್ಮ ಅಂಗಡಿಯ ಮದ್ಯದ ಸೀಸೆಯ ಮೇಲೆ ಕರ್ನಾಟಕದಲ್ಲಿ ಮಾತ್ರ ಮಾರಾಟಕ್ಕೆಂಬ ಬರಹವಿರುತ್ತದೆ. ಸೀಸೆಯೊಳಗಿನ ದ್ರವ ಗಡಿಯಾಚೆ ನೀರಾಗಿಬಿಡುವುದಿಲ್ಲ. ಅದನ್ನು ಮಾರುವ ಅಪ್ಪಣೆ ಮಾತ್ರ ಅಲ್ಲಿಗೆ ಮುಗಿಯುತ್ತದೆ. ಆಟದ ಕೋಡಿನ ಗುಟ್ಟೂ ಇಲ್ಲಿಯೇ ಇದೆ. ಅದು ಸರಕಲ್ಲ, ಅಪ್ಪಣೆ. ಹನೂರಿನಿಂದ ಕೊಳ್ಳೇಗಾಲದ ಕಾಲೇಜಿಗೆ ಬರುವ ಹುಡುಗನ ರಿಯಾಯಿತಿ ಬಸ್ ಪಾಸನ್ನು ನೆನೆದುಕೊಳ್ಳಿ. ಪಾಸು ಅವನ ಕೈಯಲ್ಲಿದೆ, ಹಣವನ್ನೂ ಕಟ್ಟಿದ್ದಾನೆ. ಆದರೆ ಅದೇ ಪಾಸನ್ನು ತೋರಿಸಿ ಮೈಸೂರಿನ ಬಸ್ಸು ಹತ್ತಲಾಗದು. ಅವನು ಕೊಂಡದ್ದು ಬಸ್ಸನ್ನಲ್ಲ, ಒಂದು ದಾರಿಯಲ್ಲಿ ಹೋಗಿಬರುವ ಅಪ್ಪಣೆಯನ್ನು.

ಇನ್ನು, ಈ ಅಪ್ಪಣೆಗೆ ದೇಶದೇಶಕ್ಕೂ ಬೇರೆ ಬೇರೆ ಬೇಲಿ ಹಾಕುವುದೇಕೆ ಎಂಬುದನ್ನು ವಿಚಾರಿಸೋಣ. ಮುಖ್ಯವಾದ ಕಾರಣಗಳು ಮೂರು.

ಮೊದಲನೆಯದು ಹಕ್ಕು ಮತ್ತು ಕಾನೂನು. ಆಟವನ್ನು ರಚಿಸಿದವನು ಒಬ್ಬ. ಅದನ್ನು ಒಂದೊಂದು ದೇಶದಲ್ಲಿ ಪ್ರಕಟಿಸುವ ಹಕ್ಕು ಪಡೆದವರು ಬೇರೆ ಬೇರೆಯವರಾಗಿರಬಹುದು. ಸರ್ಕಾರಗಳ ಧೋರಣೆಯೂ ಬೇರೆ ಬೇರೆ. ನಮ್ಮ ಹುಡುಗರೆಲ್ಲ ಬಲ್ಲ ಪಬ್ಜಿ ಆಟದ ಕಥೆಯೇ ಇದಕ್ಕೆ ಸಾಕ್ಷಿ. ಭಾರತ ಸರ್ಕಾರವು ೨೦೨೦ರ ಸೆಪ್ಟೆಂಬರ್ ೨ರಂದು ನಿಷೇಧಿಸಿದ ೧೧೮ ಆ್ಯಪ್‌ಗಳಲ್ಲಿ ಪಬ್ಜಿ ಮೊಬೈಲ್ ಒಂದಾಗಿತ್ತು. ದಕ್ಷಿಣ ಕೊರಿಯಾದ ಕ್ರಾಫ್ಟನ್ ಕಂಪನಿಯು ೨೦೨೧ರ ಜುಲೈನಲ್ಲಿ ಅದೇ ಆಟವನ್ನು ಭಾರತಕ್ಕೆಂದೇ ಬೇರೆ ಹೆಸರಿನಲ್ಲಿ ಹೊರತಂದಿತು. ೨೦೨೨ರ ಜುಲೈನಲ್ಲಿ ಅದಕ್ಕೂ ತಡೆ ಬಂತು; ೨೦೨೩ರ ಮೇ ತಿಂಗಳಲ್ಲಿ ಅದು ಹಿಂದಿರುಗಿತು. ಹೀಗೆ ಒಂದೇ ಆಟ ಜಗತ್ತಿಗೊಂದು, ಭಾರತಕ್ಕೊಂದು ಎಂದು ಎರಡಾಗಿ ನಿಂತಿದೆ. ಜಾಗತಿಕ ಆಟದ ಕೋಡು ಭಾರತೀಯ ಆಟದ ಬಾಗಿಲನ್ನು ತೆರೆಯದು. ಫ್ರೀ ಫೈರ್ ಆಟದ ಕೋಡುಗಳೂ ಅಷ್ಟೇ: ಒಂದು ಪ್ರದೇಶದ ಆಟಗಾರರಿಗೆಂದು ಹೊರಡಿಸಿದ ಕೋಡು ಇನ್ನೊಂದು ಪ್ರದೇಶದ ಖಾತೆಗೆ ಸಲ್ಲುವುದಿಲ್ಲ.

ಎರಡನೆಯ ಕಾರಣ ತೆರಿಗೆ. ವಿದೇಶದ ಕಂಪನಿಯಿಂದ ಭಾರತದ ಸಾಮಾನ್ಯ ಗ್ರಾಹಕನು ಇಂಥ ವಿದ್ಯುನ್ಮಾನ ಸೇವೆಯನ್ನು ಕೊಂಡರೆ ಅದರ ಮೇಲೆ ಶೇಕಡಾ ೧೮ರ ಜಿಎಸ್‌ಟಿ ಬೀಳುತ್ತದೆ. ಕೊಳ್ಳುವವನು ಯಾವ ನೆಲದಲ್ಲಿದ್ದಾನೆಂಬುದರ ಮೇಲೆ ತೆರಿಗೆ ನಿಲ್ಲುವುದರಿಂದ, ಅವನು ಎಲ್ಲಿಯವನೆಂದು ಗುರುತಿಸದೆ ಮಾರುವವನಿಗೆ ಗತಿಯಿಲ್ಲ. ಸುಂಕದವನ ಮುಂದೆ ಸುಖದುಃಖ ಹೇಳಿಕೊಂಡರೆ ಫಲವಿಲ್ಲವೆಂದು ನಮ್ಮ ಗಾದೆ ಸಾರುತ್ತದೆ. ಇಂದಿನ ಸುಂಕದವನಾದರೋ ಯಂತ್ರದೊಳಗೆ ಕುಳಿತಿದ್ದಾನೆ. ಹೇಳಿಕೊಳ್ಳೋಣವೆಂದರೆ ಅವನಿಗೆ ಮುಖವೇ ಇಲ್ಲ.

ಮೂರನೆಯದು, ಎಲ್ಲಕ್ಕಿಂತ ಬಲವಾದದ್ದು, ಬೆಲೆ. ಅಮೆರಿಕದ ಕೂಲಿಗೂ ಕೊಳ್ಳೇಗಾಲದ ಕೂಲಿಗೂ ಅಂತರವಿರುವವರೆಗೆ ಒಂದೇ ಬೆಲೆಯಲ್ಲಿ ಎರಡೂ ಕಡೆ ಮಾರುವುದು ವ್ಯಾಪಾರಗಾರನಿಗೆ ಕಷ್ಟ. ಸ್ಟೀಮ್ ಎಂಬುದು ಕಂಪ್ಯೂಟರ್ ಆಟಗಳನ್ನು ಮಾರುವ ಅಮೆರಿಕದ ಬಹುದೊಡ್ಡ ಅಂಗಡಿ. ೨೦೧೫ರ ನವೆಂಬರಿನಿಂದ ಅದು ಭಾರತದವರಿಗೆ ರೂಪಾಯಿಯಲ್ಲಿಯೇ ಬೆಲೆ ಹೇಳುತ್ತಿದೆ. ಅನೇಕ ಆಟಗಳಿಗೆ ಇಲ್ಲಿನ ಬೆಲೆ ಅಮೆರಿಕದ ಬೆಲೆಗಿಂತ ಕಡಿಮೆ. ಬೇಲಿಯಿಲ್ಲದಿದ್ದರೆ ಏನಾದೀತು? ವ್ಯಾಪಾರಿಯೊಬ್ಬನು ಇಲ್ಲಿ ಸಾವಿರಗಟ್ಟಲೆ ಕೋಡುಗಳನ್ನು ಅಗ್ಗವಾಗಿ ಕೊಂಡು ಅಲ್ಲಿ ಲಾಭಕ್ಕೆ ಮಾರಿಯಾನು. ಆಗ ಕಂಪನಿ ಅಲ್ಲಿನ ಬೆಲೆಯನ್ನು ಇಳಿಸುವುದೆಂದು ಭಾವಿಸುವುದು ಭ್ರಮೆ. ಇಲ್ಲಿನ ಬೆಲೆಯನ್ನೇ ಏರಿಸುತ್ತದೆ. ತುರ್ಕಿ ಮತ್ತು ಅರ್ಜೆಂಟೀನಾಗಳಲ್ಲಿ ೨೦೨೩ರ ನವೆಂಬರಿನಲ್ಲಿ ಇದೇ ಅಂಗಡಿ, ನಾಣ್ಯಗಳ ಏರಿಳಿತದ ಕಾರಣವನ್ನು ಮುಂದಿಟ್ಟು, ಸ್ಥಳೀಯ ನಾಣ್ಯವನ್ನು ಕೈಬಿಟ್ಟು ಡಾಲರಿನಲ್ಲಿ ಬೆಲೆ ಕಟ್ಟತೊಡಗಿತು. ಅನೇಕ ಆಟಗಳು ಅಲ್ಲಿನ ತರುಣರಿಗೆ ಒಮ್ಮೆಗೇ ದುಬಾರಿಯಾದವು. ಅಗ್ಗದ ಬೆಲೆಯೆಂಬುದು ಕಂಪನಿಯ ಲೆಕ್ಕಾಚಾರದ ಫಲವೇ ಹೊರತು ನಮಗೆ ಬರೆದುಕೊಟ್ಟ ಉಂಬಳಿಯಲ್ಲ.

ಅಧ್ಯಾಪಕರಿಗೂ ವಿದ್ಯಾರ್ಥಿಗಳಿಗೂ ಇದೇ ನ್ಯಾಯದ ಇನ್ನೊಂದು ರೂಪ ಪರಿಚಿತವಾಗಿದೆ. ಭಾರತ ಮತ್ತು ನೆರೆಯ ದೇಶಗಳಲ್ಲಿ ಮಾತ್ರ ಮಾರಾಟಕ್ಕೆಂದು ರಕ್ಷಾಪುಟದಲ್ಲಿ ಅಚ್ಚಾದ ಇಂಗ್ಲಿಷ್ ಪಠ್ಯಗ್ರಂಥಗಳು ನಮ್ಮ ಕಾಲೇಜುಗಳ ಗ್ರಂಥಾಲಯಗಳಲ್ಲಿವೆ. ತಾಯ್ಲೆಂಡಿನಿಂದ ಅಮೆರಿಕಕ್ಕೆ ಓದಲು ಹೋದ ವಿದ್ಯಾರ್ಥಿಯೊಬ್ಬನು ತನ್ನ ದೇಶದಲ್ಲಿ ಸಿಗುವ ಇಂಥ ಅಗ್ಗದ ಪ್ರತಿಗಳನ್ನು ನಂಟರಿಂದ ತರಿಸಿ ಅಲ್ಲಿ ಮಾರಿದನು. ಪ್ರಕಾಶಕರು ನ್ಯಾಯಾಲಯದ ಮೆಟ್ಟಿಲೇರಿದರು. ಕಿರ್ತ್‌ಸೆಂಗ್ ಮತ್ತು ವೈಲಿ ಎಂದು ಹೆಸರಾದ ಆ ಮೊಕದ್ದಮೆಯಲ್ಲಿ ಅಮೆರಿಕದ ಸುಪ್ರೀಂ ಕೋರ್ಟು ೨೦೧೩ರ ಮಾರ್ಚಿಯಲ್ಲಿ ಆರು ಮಂದಿಗೆ ಮೂವರ ಬಹುಮತದಿಂದ ವಿದ್ಯಾರ್ಥಿಯ ಪರವಾಗಿ ತೀರ್ಪು ಕೊಟ್ಟಿತು. ಶಾಸನಬದ್ಧವಾಗಿ ಅಚ್ಚಾದ ಪ್ರತಿಯನ್ನು ಒಮ್ಮೆ ಮಾರಿದ ಮೇಲೆ, ಅದು ಯಾವ ದೇಶದಲ್ಲಿ ಅಚ್ಚಾದದ್ದಾದರೂ, ಕೊಂಡವನು ಅದನ್ನು ಮತ್ತೆ ಮಾರುವುದನ್ನು ಪ್ರಕಾಶಕನು ತಡೆಯಲಾಗದೆಂಬುದು ಅದರ ಸಾರ.

ಪುಸ್ತಕಕ್ಕೆ ದೊರೆತ ಈ ಸ್ವಾತಂತ್ರ್ಯ ಕೋಡಿಗೆ ದೊರೆತಿಲ್ಲ. ಪುಸ್ತಕ ವಸ್ತು, ಅದಕ್ಕೆ ಒಡೆಯನುಂಟು. ಕೋಡು ಅಪ್ಪಣೆ, ಅದನ್ನು ಹೊಂದಿದವನು ಬಳಸುವವನು ಮಾತ್ರ. ನನ್ನ ದೃಷ್ಟಿಯಲ್ಲಿ ಇಡೀ ವಿಷಯದ ತಿರುಳು ಇದು. ಅಂಗಡಿಯ ಗುಂಡಿಯ ಮೇಲೆ ‘ಕೊಳ್ಳಿರಿ’ ಎಂದಿರುತ್ತದೆ. ಒಡಂಬಡಿಕೆಯ ಒಳಪುಟದಲ್ಲಿ ‘ಬಳಸಲು ಅನುಮತಿಸಲಾಗಿದೆ’ ಎಂದಿರುತ್ತದೆ. ಈ ಎರಡು ಕ್ರಿಯಾಪದಗಳ ನಡುವಿನ ಕಂದರದಲ್ಲಿಯೇ ನಮ್ಮ ಹುಡುಗರ ಹಣ ಬಿದ್ದುಹೋಗುವುದು.

ಹಾಗಾದರೆ ಬೇಲಿ ಅನ್ಯಾಯವೇ? ಐರೋಪ್ಯ ಒಕ್ಕೂಟದ ಉತ್ತರ ಗಮನಾರ್ಹವಾದುದು. ಪೋಲೆಂಡ್, ಹಂಗೇರಿ, ರುಮೇನಿಯಾ ಮೊದಲಾದ ಕಡೆ ಅಗ್ಗವಾಗಿ ದೊರೆಯುತ್ತಿದ್ದ ಆಟಗಳ ಕೋಡುಗಳು ಒಕ್ಕೂಟದ ಇತರ ದೇಶಗಳಲ್ಲಿ ತೆರೆಯದಂತೆ ಮಾಡಿದರೆಂದು, ಸ್ಟೀಮ್‌ನ ಒಡೆತನವುಳ್ಳ ವಾಲ್ವ್ ಕಂಪನಿಗೂ ಐದು ಪ್ರಕಾಶಕ ಸಂಸ್ಥೆಗಳಿಗೂ ೨೦೨೧ರ ಜನವರಿಯಲ್ಲಿ ಒಟ್ಟು ೭೮ ಲಕ್ಷ ಯೂರೋ ದಂಡ ಬಿತ್ತು. ವಾಲ್ವ್ ಮೊರೆಹೋದರೂ ೨೦೨೩ರ ಸೆಪ್ಟೆಂಬರಿನಲ್ಲಿ ಒಕ್ಕೂಟದ ಜನರಲ್ ಕೋರ್ಟು ಆ ನಿರ್ಣಯವನ್ನೇ ಎತ್ತಿಹಿಡಿಯಿತು. ಒಂದೇ ಮಾರುಕಟ್ಟೆಯೆಂದು ಸಾರಿದ ಮೇಲೆ ಅದರೊಳಗೆ ಖಾಸಗಿ ಗೋಡೆಗಳಿರಕೂಡದೆಂಬುದು ಅಲ್ಲಿನ ನೀತಿ. ಆದರೆ ಅದು ಒಕ್ಕೂಟದ ಒಳಗಿನ ಮಾತು. ಇಡೀ ಪ್ರಪಂಚ ಇನ್ನೂ ಒಂದು ಮಾರುಕಟ್ಟೆಯಾಗಿಲ್ಲ. ಆದಕಾರಣ ಬೆಲೆಯ ಬೇಲಿಯನ್ನು ನಾನು ಸಾರಾಸಗಟಾಗಿ ಖಂಡಿಸಲಾರೆ. ಅದು ಬಿದ್ದರೆ ಮೊದಲು ನೋಯುವವನು ನ್ಯೂಯಾರ್ಕಿನ ಹುಡುಗನಲ್ಲ, ಹನೂರಿನ ಹುಡುಗ.

ಆದರೂ ಬೇಲಿ ಹಾಕುವವನಿಗೆ ಕೆಲವು ಧರ್ಮಗಳುಂಟು. ಬೇಲಿ ಎಲ್ಲಿದೆಯೆಂದು ಹಣ ತೆಗೆದುಕೊಳ್ಳುವ ಮೊದಲೇ ತಿಳಿಸಬೇಕು. ಕೊಳ್ಳುವುದರ ಬಗ್ಗೆ ಮಾಹಿತಿ ಪಡೆಯುವುದನ್ನು ೨೦೧೯ರ ಗ್ರಾಹಕ ಸಂರಕ್ಷಣಾ ಕಾಯಿದೆ ಗ್ರಾಹಕನ ಹಕ್ಕೆಂದೇ ಪರಿಗಣಿಸಿದೆ. ಒಳಪುಟದ ಇರುವೆಯಕ್ಷರದಲ್ಲಿ ಬರೆದು ಕೈತೊಳೆದುಕೊಳ್ಳುವುದು ತಿಳಿಸಿದಂತಾಗದು. ಎರಡನೆಯದಾಗಿ, ಮನುಷ್ಯನು ಊರು ಬಿಟ್ಟು ಊರಿಗೆ ಹೋಗುವ ಪ್ರಾಣಿಯೆಂಬುದನ್ನು ಒಪ್ಪಬೇಕು. ಹನೂರು ಸೀಮೆಯ ಒಡೆಯರಪಾಳ್ಯದಲ್ಲಿ ದಶಕಗಳಿಂದ ಟಿಬೆಟನ್ ನಿರಾಶ್ರಿತರು ನೆಲಸಿದ್ದಾರೆ. ದೇಶವನ್ನೇ ಕಳೆದುಕೊಂಡು ಬಂದ ಅಂಥ ಜನಕ್ಕೆ, ‘ನಿಮ್ಮ ಪ್ರದೇಶ ಯಾವುದು?’ ಎಂಬ ಯಂತ್ರದ ಪ್ರಶ್ನೆ ನಮಗೆ ಕೇಳಿಸುವಷ್ಟು ಸರಳವಾಗಿ ಕೇಳಿಸಲಾರದು. ಕೊಳ್ಳೇಗಾಲದಿಂದ ಪರದೇಶಕ್ಕೆ ಉದ್ಯೋಗಕ್ಕೆ ಹೋದ ಎಂಜಿನಿಯರನ ಪಾಡೂ ಬೇರೆಯಲ್ಲ. ಗೂಗಲ್ ಪ್ಲೇ ಅಂಗಡಿಯಲ್ಲಿ ಖಾತೆಯ ದೇಶವನ್ನು ವರ್ಷಕ್ಕೆ ಒಮ್ಮೆ ಮಾತ್ರ ಬದಲಾಯಿಸಬಹುದು. ಬದಲಾಯಿಸಿದರೆ ಹಳೆಯ ದೇಶದಲ್ಲಿ ತುಂಬಿಸಿದ್ದ ಹಣ ಹೊಸ ದೇಶದಲ್ಲಿ ಬಳಕೆಗೆ ಬಾರದು. ಮಾರಾಟಕ್ಕೆ ಗಡಿಯಿರಲಿ, ಬೆಲೆ ತೆತ್ತು ಮನೆಗೆ ತಂದದ್ದನ್ನು ಗಂಟುಕಟ್ಟಿ ಜೊತೆಗೊಯ್ಯುವ ಹಕ್ಕು ಯಾತ್ರಿಕನಿಗಿರಲಿ. ಮೂರನೆಯದಾಗಿ, ಸಲ್ಲದ ಕೋಡಿಗೆ ಕೊಟ್ಟ ಹಣ ಹಿಂದಿರುಗಬೇಕು.

೧೯೫೬ರ ಗಡಿಗೂ ಇಂದಿನ ಗಡಿಗೂ ಇರುವ ಭೇದ ಇಲ್ಲಿ ಸ್ಪಷ್ಟವಾಗುತ್ತದೆ. ಕೊಳ್ಳೇಗಾಲ ಎಲ್ಲಿಗೆ ಸೇರಬೇಕೆಂಬುದನ್ನು ನಿರ್ಣಯಿಸುವ ಮುನ್ನ ಫಜಲ್ ಅಲಿ ಆಯೋಗ ಕುಳಿತಿತ್ತು, ಜನ ಮನವಿ ಕೊಟ್ಟರು, ಪಾರ್ಲಿಮೆಂಟಿನಲ್ಲಿ ಚರ್ಚೆಯಾಯಿತು. ಗೆರೆಯನ್ನು ಎಳೆದವರು ಯಾರೆಂದು ನಮಗೆ ಗೊತ್ತು, ಅದನ್ನು ತಿದ್ದಿ ಎಂದು ಕೇಳುವ ದಾರಿಯೂ ಗೊತ್ತಿತ್ತು. ಆಟದ ಕಂಪನಿಯ ಭೂಪಟಕ್ಕೆ ಅಂಥ ಆಯೋಗವಿಲ್ಲ. ನಮ್ಮನ್ನು ಯಾವ ಪ್ರದೇಶಕ್ಕೆ ಸೇರಿಸಿದರೆಂದು ನಮಗೆ ತಿಳಿಯುವುದು ಕೋಡು ತಿರಸ್ಕೃತವಾದಾಗಲೇ. ಇದನ್ನು ಪ್ರಶ್ನಿಸುವ ಕೆಲಸ ಸರ್ಕಾರದ್ದೂ ಹೌದು, ಗ್ರಾಹಕರದೂ ಹೌದು.

ಅಷ್ಟರೊಳಗೆ ಅಧ್ಯಾಪಕರಾದವರು ಮಾಡಬಹುದಾದ ಸಣ್ಣ ಕೆಲಸವೊಂದಿದೆ. ಹುಡುಗರು ಆಡುವುದನ್ನು ಬೈಯುವ ಬದಲು, ಕೊಳ್ಳುವ ಮೊದಲು ಓದುವುದನ್ನು ಕಲಿಸೋಣ: ಇದು ಯಾವ ದೇಶದ ಅಂಗಡಿ, ಯಾವ ದೇಶದ ಖಾತೆಗೆ ಈ ಕೋಡು, ಸಲ್ಲದಿದ್ದರೆ ಹಣದ ಗತಿಯೇನು? ಪುಕ್ಕಟೆ ಕೋಡು ಕೊಡುವೆನೆಂದು ಗುಪ್ತಪದವನ್ನು ಕೇಳುವವನು ದಾನಿಯಲ್ಲ, ಕಳ್ಳನೆಂಬುದನ್ನೂ ಹೇಳೋಣ. ಮೋಸಹೋದವರಿಗೆ ರಾಷ್ಟ್ರೀಯ ಗ್ರಾಹಕ ಸಹಾಯವಾಣಿಯ ೧೯೧೫ ಎಂಬ ಸಂಖ್ಯೆ ತಿಳಿದಿರಲಿ. ಜೊತೆಗೆ ಮಾರುವವರನ್ನು ಒಂದು ಮಾತು ಕೇಳೋಣ. ನಮ್ಮ ಹಣವನ್ನು ಯಳಂದೂರಿನ ಅಂಗಡಿಯ ಕಟ್ಟೆಯ ಮೇಲೆಯೇ ಎಣಿಸಿಕೊಳ್ಳಬಲ್ಲ ಕಂಪನಿಯು, ‘ಈ ಕೋಡು ಭಾರತದಲ್ಲಿ ಮಾತ್ರ ನಡೆಯುತ್ತದೆ’ ಎಂಬ ಒಂದು ವಾಕ್ಯವನ್ನು ಅದೇ ಕಟ್ಟೆಯ ಮೇಲೆ ಕನ್ನಡದಲ್ಲಿ ಬರೆಯಲಾರದೇ?