ಎಣ್ಣೆ ಇಡದ ದೀಪಾವಳಿಗೆ ಎರೆಮಣ್ಣಿನ ಶ್ರೀಖಂಡ

2024ರ ದೀಪಾವಳಿ ರಜೆ ನೆನಪಿದೆಯಾ? 2024ರ ಅಕ್ಟೋಬರ್ 31, ಗುರುವಾರ ನರಕ ಚತುರ್ದಶಿ. ಶುಕ್ರವಾರ ರಾಜ್ಯೋತ್ಸವ, ಶನಿವಾರ ಬಲಿಪಾಡ್ಯಮಿ, ಆಮೇಲೆ ಭಾನುವಾರ. ನಾಲ್ಕು ದಿನ ಸಾಲು ರಜೆ ಅಂತ ಎಲ್ಲರೂ ತಿಂಗಳ ಮೊದಲೇ ಊರಿನ ಬಸ್ಸಿಗೆ ಸೀಟು ಹಿಡಿದಿದ್ದೆವು. ಅದೇ 31ಕ್ಕೆ ಹ್ಯಾಲೋವೀನ್ ಕೂಡ ಬಿದ್ದಿತ್ತು ಅನ್ನೋದು ನಮಗೆ ಹೊಳೆದಿರಲಿಲ್ಲ. ಅಪಾರ್ಟ್‌ಮೆಂಟಿನಲ್ಲಿ ಬೆಳೆಯೋ ಮಕ್ಕಳಿಗೆ ಮಾತ್ರ ಚೆನ್ನಾಗಿ ಗೊತ್ತಿತ್ತು.

ನಮ್ಮದು ರೋಣದ ಹತ್ತಿರದ ಹಳ್ಳಿ. ಅಕ್ಕನ ಮಗಳಿಗೆ ಒಂಬತ್ತು ವರ್ಷ. ಬೆಂಗಳೂರಿನ ಅಪಾರ್ಟ್‌ಮೆಂಟಿನಲ್ಲಿ ಅವಳ ಗೆಳತಿಯರೆಲ್ಲ ದೆವ್ವದ ವೇಷ ಹಾಕಿ ಬಾಗಿಲು ಬಾಗಿಲಿಗೆ ಹೋಗಿ ಚಾಕೊಲೇಟ್ ಇಸಕೊಳ್ಳೋ ಸಂಜೆ, ಇವಳು ಮಾತ್ರ ಊರಲ್ಲಿ. ಗಜೇಂದ್ರಗಡದ ಗುಡ್ಡದ ಮೇಲಿನ ಗಾಳಿ ಫ್ಯಾನು ಕಾಣೋ ಹೊತ್ತಿಗೇ ಶುರು ಮಾಡಿದ್ದಳಂತೆ, "ಈ ಸಲ ನಂಗೆ ಏನೂ ಇಲ್ಲ" ಅಂತ.

ಅವಳ ಮಾತು ಸುಳ್ಳೇನಾಗಿರಲಿಲ್ಲ. ಆ ದೀಪಾವಳಿಗೆ ನಮ್ಮ ಮನೆಯಲ್ಲಿ ನಿಜಕ್ಕೂ ಏನೂ ಇರಲಿಲ್ಲ. ಮೇ ತಿಂಗಳಲ್ಲಿ ಅಪ್ಪ ತೀರಿಕೊಂಡಿದ್ದರು. ವರ್ಷ ತುಂಬೋವರೆಗೆ ಹಬ್ಬ ಇಲ್ಲ, ಸಿಹಿ ಮಾಡೋಕೆ ಒಲೆ ಹಚ್ಚೋ ಹಾಗಿಲ್ಲ, ಕರಿಯೋಕೆ ಎಣ್ಣೆ ಇಡೋ ಹಾಗಂತೂ ಇಲ್ಲವೇ ಇಲ್ಲ. ಇದು ನಮ್ಮ ಮನೆ ಪದ್ಧತಿ. ಕರ್ಚಿಕಾಯಿ ಇಲ್ಲ, ಚಕ್ಕುಲಿ ಇಲ್ಲ. ಬಾಗಿಲಲ್ಲಿ ಸಗಣಿಯ ಪಾಂಡವರನ್ನೂ ಇಡಲಿಲ್ಲ. ಪಕ್ಕದ ಮನೆಯವರು ಒಂದು ತಾಟು ತುಂಬಾ ಫರಾಳ ತಂದುಕೊಟ್ಟರು, ನರಗುಂದದಿಂದ ವೈನಿಯ ತವರಿನವರು ಉಂಡಿ ಕಳಿಸಿದ್ದರು. ಸಾವಾದ ಮನೆಯ ಮಕ್ಕಳು ಹಬ್ಬದ ದಿನ ಬಾಯಿ ಬಡಿದುಕೊಂಡು ಕೂರಬಾರದು ಅಂತ ಊರೇ ನೋಡಿಕೊಳ್ಳುತ್ತೆ. ಆದರೆ ಬೇರೆಯವರು ಕೊಟ್ಟಿದ್ದನ್ನು ತಿನ್ನೋದೇ ಬೇರೆ, ಅಡುಗೆಮನೆಯಲ್ಲಿ ಹಿಟ್ಟು ಮೈಗೆ ಮೆತ್ತಿಕೊಂಡು ಓಡಾಡೋದೇ ಬೇರೆ. ಮಕ್ಕಳಿಗೆ ಬೇಕಾಗಿದ್ದು ಆ ಎರಡನೆಯದು.

ಬುಧವಾರ ರಾತ್ರಿ ಊಟದ ಹೊತ್ತಿಗೆ ಮಗಳು ಅಕ್ಕನ ಫೋನಿನಲ್ಲಿ ಒಂದು ವಿಡಿಯೋ ಹಿಡಿದುಕೊಂಡು ಬಂದಳು. "ಚಿಗವ್ವ, ಇದಕ್ಕೆ ಓವನ್ ಬೇಡ, ಗ್ಯಾಸೂ ಬೇಡ." ಅಮೆರಿಕದ ಮಕ್ಕಳ ಪಾರ್ಟಿಗಳಲ್ಲಿ ಮಾಡೋ ಮಣ್ಣಿನ ಕಪ್ಪು ಅದು. ಕಪ್ಪಿನಲ್ಲಿ ಪುಡಿಂಗು, ಮೇಲೆ ಮಣ್ಣಿನಂತೆ ಕಾಣೋ ಕಪ್ಪು ಬಿಸ್ಕಿಟಿನ ಪುಡಿ, ಅದರಿಂದ ಇಣುಕೋ ಜೆಲ್ಲಿ ಹುಳ. ಹ್ಯಾಲೋವೀನಿಗೆ ಅದರ ಮೇಲೆ ಒಂದು ದೆವ್ವ ನಿಲ್ಲಿಸುತ್ತಾರೆ, ಗೋರಿ ಕಲ್ಲಿನಂತೆ ಒಂದು ಬಿಸ್ಕಿಟ್ ಚುಚ್ಚುತ್ತಾರೆ. ಗೋರಿ ಅಂದ ಕೂಡಲೇ ಅಕ್ಕ ಫೋನು ಕಸಿದುಕೊಂಡಳು. ಅವ್ವ ಅಲ್ಲೇ ಕೂತಿದ್ದಳು.

ಅವ್ವ ರೊಟ್ಟಿ ಮುರಿಯುತ್ತಾ ಕೇಳಿದಳು, "ಅದು ಯಾರ ಹಬ್ಬಬೇ?"

"ಫಾರಿನ್ನಿನವರದು ಆಯಿ."

"ಒಲಿ ಹಚ್ಚೂದಿಲ್ಲಾ?"

"ಇಲ್ಲ."

"ಹಂಗಾರ ಮಾಡ್ರಿ. ನಮ್ಮ ಹಬ್ಬ ಮಾಡಬಾರದು ಅಂತ ಐತಿ. ಮಂದಿ ಹಬ್ಬಕ್ಕ ಯಾರೂ ಬ್ಯಾಡ ಅಂದಿಲ್ಲ."

ಕಾನೂನು ಓದಿದವರು ಇಷ್ಟು ಚೊಕ್ಕವಾಗಿ ದಾರಿ ಹುಡುಕುತ್ತಿರಲಿಲ್ಲ ಅನಿಸುತ್ತೆ.

ಹಾಗೆ ನೋಡಿದರೆ ಹ್ಯಾಲೋವೀನಿನ ಯಾವ ಭಾಗವೂ ಅವ್ವನಿಗೆ ಹೊಸದಲ್ಲ. ಐರ್ಲೆಂಡ್, ಸ್ಕಾಟ್ಲೆಂಡ್ ಕಡೆ ಸುಗ್ಗಿ ಮುಗಿದು ಚಳಿ ಶುರುವಾಗೋ ಹೊತ್ತಿಗೆ ಸತ್ತವರು ಮನೆ ಕಡೆ ಬರ್ತಾರೆ ಅಂತ ನಂಬಿದ್ದರು. ಮೊದಮೊದಲು ಟರ್ನಿಪ್ ಗಡ್ಡೆ ಕೊರೆದು ಮುಖ ಮಾಡುತ್ತಿದ್ದರು, ವಲಸೆ ಹೋದ ಮೇಲೆ ಅಮೆರಿಕದಲ್ಲಿ ದೊಡ್ಡ ಕುಂಬಳಕಾಯಿ ಸಿಕ್ಕಿತು. ನಮ್ಮಲ್ಲಿ ಸತ್ತವರಿಗೆ ಎಡೆ ಇಡೋ ಮಾನಮಿ ಅಮಾಸಿ ಇದಕ್ಕಿಂತ ಸ್ವಲ್ಪ ಮುಂಚೆ ಬರುತ್ತೆ. ಮನೆ ಮನೆಗೆ ಹೋಗೋದು ಬೇಕಿದ್ದರೆ ಭಾದ್ರಪದದ ಜೋಕುಮಾರ ಇದ್ದಾನೆ. ಬುಟ್ಟಿಯಲ್ಲಿ ಬೇವಿನ ಸೊಪ್ಪಿನ ನಡುವೆ ಮಣ್ಣಿನ ಜೋಕುಮಾರನನ್ನು ಕೂರಿಸಿ, ಬಾಯಿಗೆ ಬೆಣ್ಣೆ ಮೆತ್ತಿ, ಹೆಂಗಸರು ಹಾಡ್ತಾ ಬರ್ತಾರೆ. ನಾವು ಮೊರದಲ್ಲಿ ಜೋಳ ಹಾಕ್ತೀವಿ. ಹುಣ್ಣಿಮೆಗೆ ಅವನ ಕಥೆ ಮುಗಿಯುತ್ತೆ. ಚಿಕ್ಕವಳಿದ್ದಾಗ ಆ ದೊಡ್ಡ ಕಣ್ಣು ನೋಡಿ ನಾನು ಅವ್ವನ ಸೀರೆ ಹಿಂದೆ ಅಡಗಿದ್ದಿದೆ. ಪ್ಲಾಸ್ಟಿಕ್ ದೆವ್ವದ ಮುಖವಾಡಕ್ಕೆ ಅಷ್ಟು ತಾಕತ್ತಿಲ್ಲ ಬಿಡಿ.

ಸರಿ, ಮಾಡಿದ್ದು ಹೇಗೆ ಅಂತ ಹೇಳ್ತೀನಿ. ಪುಡಿಂಗ್ ಕುದಿಸಬೇಕಾಗುತ್ತೆ, ಆದ್ದರಿಂದ ಅದು ಬೇಡ. ನಮ್ಮ ಕಡೆ ಒಲೆ ಮುಟ್ಟದ ಸಿಹಿ ಅಂದರೆ ಶ್ರೀಖಂಡ. ಹದಿನಾಲ್ಕು ಚಹಾ ಗ್ಲಾಸಿಗೆ ಎರಡು ಲೀಟರ್ ಗಟ್ಟಿ ಎಮ್ಮೆ ಮೊಸರು ತಗೊಂಡೆವು. ರಾತ್ರಿ ತೆಳು ಬಟ್ಟೆಯಲ್ಲಿ ಕಟ್ಟಿ ಗೂಟಕ್ಕೆ ನೇತು ಹಾಕಿ, ಕೆಳಗೆ ಪಾತ್ರೆ ಇಟ್ಟರೆ ಬೆಳಗ್ಗೆ ಚಕ್ಕಾ ತಯಾರು. ಸುಮಾರು ಎಂಟುನೂರರಿಂದ ಒಂಬೈನೂರು ಗ್ರಾಂ ಬರುತ್ತೆ. ನೀವು ಪ್ಯಾಕೆಟ್ ಮೊಸರು ತರೋರಾದರೆ ಚಕ್ಕಾ ಇನ್ನೂ ಕಮ್ಮಿ ಬರುತ್ತೆ ಅಂತ ಲೆಕ್ಕ ಹಾಕಿಕೊಳ್ಳಿ. ಸೆಕೆ ಇದ್ದರೆ ಜರಡಿಯಲ್ಲಿ ಬಟ್ಟೆ ಹಾಸಿ, ಮೊಸರು ಸುರಿದು ಫ್ರಿಜ್ಜಿನಲ್ಲೇ ಇಡಿ, ಹುಳಿ ಏರೋದಿಲ್ಲ.

ಶ್ರೀಖಂಡಕ್ಕೆ ಚಕ್ಕಾದಷ್ಟೇ ತೂಕದ ಸಕ್ಕರೆ ಹಾಕೋರಿದ್ದಾರೆ. ಇದಕ್ಕೆ ಅರ್ಧ ಸಾಕು, ಬಿಸ್ಕಿಟ್ಟೂ ಸಿಹಿ ಇರುತ್ತಲ್ಲ. ನಾವು ಹಾಕಿದ್ದು ನಾಲ್ಕುನೂರು ಗ್ರಾಂ ಸಕ್ಕರೆ ಪುಡಿ, ಆರು ಏಲಕ್ಕಿ, ಚಿಟಿಕೆ ಉಪ್ಪು. ಕಲಸಿ ಅರ್ಧ ಗಂಟೆ ಬಿಟ್ಟು, ಆಮೇಲೆ ಜರಡಿಯಲ್ಲಿ ಉಜ್ಜಿ ಇಳಿಸಬೇಕು. ಈ ಉಜ್ಜೋ ಕೆಲಸ ತಪ್ಪಿಸಬೇಡಿ. ಮಿಕ್ಸಿಗೆ ಹಾಕಿದರೆ ನೀರಾಗುತ್ತೆ, ಮಣ್ಣು ಮೇಲೆ ನಿಲ್ಲದೆ ಮುಳುಗುತ್ತೆ.

ಮಣ್ಣಿಗೆ ಬರೋಣ. ಇದರ ಬಗ್ಗೆ ಮನೆಯಲ್ಲಿ ದೊಡ್ಡ ಚರ್ಚೆಯೇ ನಡೆಯಿತು, ಯಾಕೆಂದರೆ ರೋಣ, ನರಗುಂದದವರಿಗೆ ಕಪ್ಪು ಮಣ್ಣಿನ ಬಗ್ಗೆ ಪಾಠ ಹೇಳೋಕೆ ಆಗಲ್ಲ. ಅಣ್ಣ ಗಜೇಂದ್ರಗಡದಿಂದ ಎರಡು ಥರದ ಕಪ್ಪು ಬಿಸ್ಕಿಟ್ ತಂದಿದ್ದ. ಕ್ರೀಮ್ ಇಲ್ಲದ್ದನ್ನು ಕುಟ್ಟಿದರೆ ಬೇಸಿಗೆಯ ಧೂಳಾಗುತ್ತೆ. ಕ್ರೀಮ್ ಸಮೇತ ಕುಟ್ಟಿದರೆ ಅಲ್ಲಲ್ಲಿ ಹೆಂಟೆ ಕಟ್ಟುತ್ತೆ, ಬೆರಳಲ್ಲಿ ಒತ್ತಿದರೆ ಉದುರುತ್ತೆ. ಅಣ್ಣ ಅದನ್ನು ಚಿವುಟಿ ನೋಡಿ, "ಇದು ಹದಾ. ಇದರಾಗ ಕಡ್ಲಿ ಬಿತ್ತಬಹುದು" ಅಂದ. ಅಕ್ಟೋಬರ್ ಕೊನೆ ಅಂದರೆ ಹಿಂಗಾರಿ ಬಿತ್ತನೆಯ ಮಾತೇ ತಲೆಯಲ್ಲಿರೋ ಕಾಲ. ಹಾಗಾಗಿ ಕ್ರೀಮ್ ಬಿಸ್ಕಿಟ್ಟೇ ಗೆದ್ದಿತು. ಮುನ್ನೂರು ಗ್ರಾಂ ಸಾಕು. ಪ್ಲಾಸ್ಟಿಕ್ ಚೀಲದಲ್ಲಿ ಹಾಕಿ, ಲಟ್ಟಣಿಗೆ ಮಕ್ಕಳ ಕೈಗೆ ಕೊಟ್ಟು ಆಚೆ ಕಳಿಸಿ. ತೀರಾ ನುಣ್ಣಗೆ ಮಾಡೋಕೆ ಬಿಡಬೇಡಿ.

ದೆವ್ವಕ್ಕೆ ಒಂದು ಬಟ್ಟಲು ಹಾಲಿನ ಪುಡಿ, ಎರಡು ಚಮಚ ಸಕ್ಕರೆ ಪುಡಿ. ಹಾಲಿನ ಕೆನೆ ಚೂರುಚೂರೇ ಸೇರಿಸಿ, ಚಪಾತಿ ಹಿಟ್ಟಿನಷ್ಟು ಗಟ್ಟಿ ಬಂದ ಕೂಡಲೇ ನಿಲ್ಲಿಸಬೇಕು. ಅಂಗೈಗೆ ತುಪ್ಪ ಸವರಿಕೊಂಡು ಸಣ್ಣ ಬದನೆಕಾಯಿ ಆಕಾರ ಮಾಡಿ, ಕೆಳಗೆ ಅಂಚು ಎಳೆದರೆ ಸೀರೆ ಹೊದ್ದ ದೆವ್ವ. ಕಣ್ಣಿಗೆ ವಿಡಿಯೋದಲ್ಲಿ ಚಾಕೊಲೇಟ್ ಚುಕ್ಕಿ ಇತ್ತು. ನಮ್ಮ ಡಬ್ಬಿಯಲ್ಲಿ ಗುರೆಳ್ಳು ಇತ್ತು. ಉದ್ದುದ್ದ, ಕರಿ, ಮಿಂಚುವ ಕಾಳು. ಓರೆಯಾಗಿ ಇಟ್ಟರೆ ದೆವ್ವಕ್ಕೆ ಸಿಟ್ಟು, ನೆಟ್ಟಗೆ ಇಟ್ಟರೆ ಗಾಬರಿ. ಮಕ್ಕಳು ಇದನ್ನು ಕಂಡುಹಿಡಿದ ಮೇಲೆ ಒಂದು ತಾಸು ಯಾರಿಗೂ ಫೋನು ಬೇಕಾಗಲಿಲ್ಲ.

ಗ್ಲಾಸಿನಲ್ಲಿ ಕೆಳಗೆ ಒಂದು ಚಮಚ ಮಣ್ಣು, ಮೇಲೆ ಶ್ರೀಖಂಡ, ಮತ್ತೆ ಮಣ್ಣು. ಅಲ್ಲಲ್ಲಿ ಪಾನ್ ಅಂಗಡಿಯ ಹಸಿರು ಬಡೇಸೋಪು ಉದುರಿಸಿದರೆ ಆಗತಾನೇ ಮೊಳೆತ ಕಡಲೆ. ಜೆಲ್ಲಿ ಹುಳ ಸಿಕ್ಕರೆ ಹಾಕಿ, ಇಲ್ಲದಿದ್ದರೆ ಬಿಡಿ.

ಎಲ್ಲ ಜೋಡಿಸಿ ಮುಗಿಯೋ ಹೊತ್ತಿಗೆ ಅಣ್ಣನ ಮಗ ಒಂದು ಬಿಸ್ಕಿಟನ್ನು ತನ್ನ ಗ್ಲಾಸಿನ ಮಣ್ಣಲ್ಲಿ ನೆಟ್ಟಗೆ ಚುಚ್ಚಿದ. ಅವನಿಗೆ ಆರು ವರ್ಷ. ಅಕ್ಕನ ಮಗಳು ವಿಡಿಯೋದಲ್ಲಿ ನೋಡಿದ್ದು ಗೋರಿ. ಇವನು ನೋಡಿದ್ದು ಹೊಲ. ಅಪ್ಪನನ್ನು ಮಣ್ಣು ಮಾಡಿದ್ದು ನಮ್ಮದೇ ಎರೆ ಹೊಲದ ಬದುವಿನಲ್ಲಿ, ಇವನು ಅಣ್ಣನ ಹೆಗಲ ಮೇಲೆ ಕೂತು ನೋಡಿದ್ದ. "ಆಯಿ, ಇದು ಅಜ್ಜಂದು" ಅಂದ, "ಅಲ್ಲಿ ಇನ್ನಾ ಕಲ್ಲ ಇಟ್ಟಿಲ್ಲಲಾ, ಅದಕ್ಕ ನಾ ಇಟ್ಟೆ."

ವೈನಿ ಅವನ ಕೈ ಹಿಡಿದಳು. ಅಕ್ಕ ನನ್ನ ಮುಖ ನೋಡಿದಳು. ಐದು ತಿಂಗಳಿಂದ ನಾವೆಲ್ಲ ಅವ್ವನ ಮುಂದೆ ಆ ಕಲ್ಲಿನ ಮಾತೇ ಎತ್ತಿರಲಿಲ್ಲ. ಕಟ್ಟೆ ಕಟ್ಟಿಸೋದಾ, ಬರೀ ಕಲ್ಲಾ, ಹೆಸರು ಕೆತ್ತಿಸೋದಾ, ಎಲ್ಲ ನಮ್ಮ ನಮ್ಮಲ್ಲೇ ಫೋನಿನಲ್ಲಿ ನಡೆದಿತ್ತು.

ಅವ್ವ ಗ್ಲಾಸು ತಗೊಂಡು ತಿರುಗಿಸಿ ನೋಡಿದಳು. "ಬೇವಿನ ಗಿಡ ಎಲ್ಲೈತೋ? ಆ ಬಾಜೂಕ ಬೇವಿನ ಗಿಡ ಐತಿ ನೋಡು."

ಅವನು ಹಿತ್ತಲಿಗೆ ಓಡಲು ಎದ್ದ.

"ಬ್ಯಾಡಪಾ, ಬೇವು ಕಹಿ ಆಗ್ತೈತಿ. ಕರಿಬೇವು ತಾ."

ಒಂದು ಎಸಳು ಕರಿಬೇವು ಬಂತು. ಅವ್ವ ಅದನ್ನು ಬಿಸ್ಕಿಟಿನ ಬಲಕ್ಕೆ ಚುಚ್ಚಿದಳು. ಆಮೇಲೆ ಅಣ್ಣನ ಕಡೆ ತಿರುಗಿ, "ಕಟ್ಟಿ ಗಿಟ್ಟಿ ಬ್ಯಾಡ. ಇಷ್ಟ ಎತ್ತರದ್ದು ಒಂದು ಕಲ್ಲು ಸಾಕು. ಬಿತ್ತಾಕ ಅಡ್ಡ ಆಗಬಾರದು. ನಿಮ್ಮಪ್ಪ ಬೈತಾನ" ಅಂದಳು. ನಾವು ಐದು ತಿಂಗಳು ಮುಂದೂಡಿದ್ದ ಮಾತು ಅಲ್ಲಿಗೆ ಮುಗಿಯಿತು. ಜನವರಿಯಲ್ಲಿ ಆ ಅಳತೆಯದೇ ಕಲ್ಲು ತಂದು ನಿಲ್ಲಿಸಿದರು.

ಗ್ಲಾಸನ್ನು ಹುಡುಗನಿಗೆ ಕೊಡ್ತಾಳೆ ಅಂದುಕೊಂಡಿದ್ದೆವು. ಕೊಡಲಿಲ್ಲ. "ನಿಮ್ಮಜ್ಜಗ ಸಕ್ಕರಿ ಬ್ಯಾನಿ ಇತ್ತು, ಅವ ತಿನ್ನಾಂಗಿಲ್ಲ" ಅಂತ ಚಮಚ ತರಿಸಿ ತಾನೇ ತಿಂದಳು. ಕರಿಬೇವು ಬಿಟ್ಟು ಎಲ್ಲವನ್ನೂ.

2025ರಲ್ಲಿ ದೀಪಾವಳಿ ಅಕ್ಟೋಬರ್ 20ಕ್ಕೇ ಶುರುವಾಗಿತ್ತು, 22ಕ್ಕೆ ಪಾಡ್ಯ ಇತ್ತು. ನಮ್ಮ ಮನೆಯಲ್ಲಿ ಎಣ್ಣೆ ಇಡೋದಿತ್ತು, ಕರ್ಚಿಕಾಯಿ ಆಗೋದಿತ್ತು. ಹ್ಯಾಲೋವೀನ್ 31ರ ಶುಕ್ರವಾರ ಬಿದ್ದಿತ್ತು, ಮರುದಿನ ರಾಜ್ಯೋತ್ಸವದ ರಜೆ. ಎರಡಕ್ಕೂ ಬೇರೆ ಬೇರೆ ಸಿಹಿ ಬೇಕು ಅಂತ ಮೊದಲೇ ಬೆಂಗಳೂರಿನಿಂದ ವಾಯ್ಸ್ ಮೆಸೇಜ್ ಬಂದಾಗಿತ್ತು.

ನೀವು ಮಾಡೋದಾದರೆ ಇನ್ನೆರಡು ಮಾತು. ಶ್ರೀಖಂಡವನ್ನು ಹಿಂದಿನ ದಿನವೇ ಮಾಡಿಡಬಹುದು, ದೆವ್ವಗಳನ್ನೂ ಮುಚ್ಚಿದ ಡಬ್ಬಿಯಲ್ಲಿ ಇಡಬಹುದು. ಮೇಲಿನ ಮಣ್ಣನ್ನು ಮಾತ್ರ ಕೊಡೋಕೆ ಅರ್ಧ ಗಂಟೆ ಮುಂಚೆ ಹಾಕಿ, ಇಲ್ಲದಿದ್ದರೆ ಮಳೆ ಹೊಡೆದ ಎರೆ ಹೊಲದ ಥರ ಚಮಚಕ್ಕೆ ಅಂಟುತ್ತೆ. ಮೊಸರು ಕಟ್ಟಿದಾಗ ಪಾತ್ರೆಗೆ ಇಳಿದ ನೀರನ್ನು ಚೆಲ್ಲಬೇಡಿ. ಚಪಾತಿ ಹಿಟ್ಟು ಅದರಲ್ಲೇ ನಾದಿದರೆ ಮರುದಿನ ಡಬ್ಬಿಯಲ್ಲೂ ಮೆತ್ತಗೇ ಇರುತ್ತೆ, ಆಫೀಸಿಗೆ ಒಯ್ಯೋಕೆ ಅನುಕೂಲ.