ಒಂದೇ ಗೊಂಬೆ, ಎರಡು ಹೇಳಿಕೆ

ಕಿತ್ತೂರಿನ ಪಾಠ ಬಂತೆಂದರೆ ನಮ್ಮ ಪ್ರಶಿಕ್ಷಣಾರ್ಥಿಗಳು ಗೊಂಬೆ ಮಾಡಲು ಕೂಡುತ್ತಾರೆ. ರಾಣಿಗೆ ಜರಿ ಅಂಚಿನ ಸೀರೆ, ಥ್ಯಾಕರೆಗೆ ಕೆಂಪು ಕೋಟು ಮತ್ತು ಕೋರೆಹಲ್ಲು. ಕಾಳಗವನ್ನು ಮೊಬೈಲಿನಲ್ಲಿ ಚಿತ್ರೀಕರಿಸಿ ತೋರಿಸಿದರೆ ಮಕ್ಕಳು ಚಪ್ಪಾಳೆ ತಟ್ಟುತ್ತಾರೆ. ಬೋಧನೋಪಕರಣಕ್ಕೆ ಒಳ್ಳೆಯ ಅಂಕವೂ ಸಿಗುತ್ತದೆ. ಹಾಗೆ ಅಂಕ ಕೊಟ್ಟವರಲ್ಲಿ ನಾನೂ ಒಬ್ಬ. ಅದು ತಪ್ಪೆಂದು ಈಗ ಅನಿಸುತ್ತಿದೆ.

ಹುಬ್ಬಳ್ಳಿಯ ಶಾಲೆಯೊಂದರಲ್ಲಿ ಅಂಥದೇ ಪಾಠ ವೀಕ್ಷಿಸುತ್ತಿದ್ದೆ. ಚಿತ್ರ ಮುಗಿದ ಮೇಲೆ ಹುಡುಗಿಯೊಬ್ಬಳು ಎದ್ದು ಕೇಳಿದಳು: "ಸರ್, ದತ್ತು ತಗೊಂಡಿದ್ದು ಅವರು ಯಾಕ ಒಪ್ಪಲಿಲ್ರೀ?" ಪ್ರಶಿಕ್ಷಣಾರ್ಥಿ "ಅವರು ಕೆಟ್ಟವರಿದ್ದರು" ಎಂದು ಹೇಳಿ ಮುಂದೆ ಸಾಗಿದರು. ಕೋರೆಹಲ್ಲು ಆ ಉತ್ತರವನ್ನು ಮೊದಲೇ ಕೊಟ್ಟಾಗಿತ್ತು.

ಪಾಠದ ತಿರುಳೇ ಆ ಪ್ರಶ್ನೆ. ದೇಸಾಯಿ ಶಿವಲಿಂಗರುದ್ರಸರ್ಜ 1824ರ ಸೆಪ್ಟೆಂಬರಿನಲ್ಲಿ ತೀರಿಕೊಂಡನು. ಶಿವಲಿಂಗಪ್ಪನ ದತ್ತು ಸರಿಯಾಗಿಯೇ ಆಗಿದೆ ಎಂದು ಕಿತ್ತೂರು ಹೇಳಿತು. ಧಾರವಾಡದ ಕಲೆಕ್ಟರ್ ಥ್ಯಾಕರೆ ಸಂಶಯ ಎತ್ತಿ ಒಪ್ಪಲಿಲ್ಲ. ಅಕ್ಟೋಬರ್ 23ರಂದು ಕೋಟೆಯ ಮುಂದೆ ಅವನು ಸತ್ತನು. ಡಿಸೆಂಬರಿನಲ್ಲಿ ಕೋಟೆ ಕಂಪನಿಯ ವಶವಾಯಿತು.

ನನ್ನ ಸಲಹೆ ಇಷ್ಟೇ. ಅವೇ ಗೊಂಬೆಗಳಿಂದ ಮೂರು ಮೂರು ನಿಮಿಷದ ಎರಡು ಚಿತ್ರ ಮಾಡಿಸಿರಿ: ಒಂದು ಕಿತ್ತೂರಿನ ಹೇಳಿಕೆಯಂತೆ, ಇನ್ನೊಂದು ಕಂಪನಿಯ ಹೇಳಿಕೆಯಂತೆ. ಗೊಂಬೆಯ ಮುಖ ಬದಲಾಗಬಾರದು. ದಾರವೂ ಆಡಿಸುವ ಬೆರಳೂ ಕಾಣಲಿ. ಯಾರೋ ಆಡಿಸುತ್ತಿದ್ದಾರೆ ಎಂಬುದನ್ನು ಮಕ್ಕಳು ಮರೆಯಬಾರದು. ಆಟವಾದರೆ ಮುಂದೆ ಹೋಗಿಬಿಡುತ್ತದೆ, ಚಿತ್ರವನ್ನು ನಿಲ್ಲಿಸಬಹುದು, ಹಿಂದಕ್ಕೆ ಒಯ್ದು "ಇದನ್ನು ಹೇಳಿದವರು ಯಾರು? ಇದರಿಂದ ಯಾರಿಗೆ ಲಾಭ?" ಎಂದು ಕೇಳಬಹುದು. ಈಜಿಪ್ಟಿನ ಕಲಾವಿದ ವಾಯಿಲ್ ಶೌಕಿ 2010ರಿಂದ 2015ರವರೆಗೆ ಕ್ರುಸೇಡುಗಳ ಬಗ್ಗೆ ಮಾಡಿದ ಮೂರು ಚಿತ್ರಗಳಲ್ಲಿ ಸೂತ್ರದ ಗೊಂಬೆಗಳೇ ಪಾತ್ರಧಾರಿಗಳು. ಅರಬರ ಕಡೆಯಿಂದ ಕಂಡ ಚರಿತ್ರೆಯನ್ನು ಅವು ಹೇಳುತ್ತವೆ.

"ರಾಣಿಯನ್ನೂ ಕಂಪನಿಯನ್ನೂ ಒಂದೇ ತಕ್ಕಡಿಯಲ್ಲಿ ತೂಗುವುದೇ?" ಎಂದು ಸಹೋದ್ಯೋಗಿಯೊಬ್ಬರು ಕೇಳಿದರು. ಇಲ್ಲ. ಕೇಳಿಸಿಕೊಳ್ಳುವುದು ಬೇರೆ, ಒಪ್ಪುವುದು ಬೇರೆ. ದತ್ತು ಅಸಿಂಧುವಾದರೆ ಸಂಸ್ಥಾನ ಯಾರ ಕೈಸೇರುತ್ತದೆ ಎಂದು ಮಕ್ಕಳು ಒಮ್ಮೆ ಕೇಳಿಕೊಂಡರೆ ಸಾಕು, ತೀರ್ಪು ಹೇಳಲು ಹೊರಟವನೇ ವಾದಿಯೂ ಆಗಿದ್ದ ಎಂಬುದು ಅವರಿಗೇ ಹೊಳೆಯುತ್ತದೆ. ಚೆನ್ನಮ್ಮ ಸರ್ಕಲ್ಲಿನಲ್ಲಿ ದಿನಾ ಕಾಣುವ ಪ್ರತಿಮೆಯ ಮೇಲಿನ ಗೌರವ ಇದರಿಂದ ಕುಂದುವುದಿಲ್ಲ, ಗಟ್ಟಿಯಾಗುತ್ತದೆ.

ಮುಂದಿನ ಪಾಠಾಭ್ಯಾಸದಲ್ಲಿ ನಾನು ಗೊಂಬೆಯ ಅಂದಕ್ಕೆ ಅಂಕ ಕೊಡುವುದಿಲ್ಲ. ಚಿತ್ರ ನಿಂತ ಮೇಲೆ ಮಕ್ಕಳು ಕೇಳಿದ ಪ್ರಶ್ನೆಗಳನ್ನು ಎಣಿಸುತ್ತೇನೆ.